ಟೊರೊಂಟೊದಲ್ಲಿ ಹತ್ತು ಮಂಗಳವಾರ: ಕೆನಡಾ ಕಾದಂಬರಿಗಳ ಸಂಜೆ ಕೋರ್ಸ್ ಹೇಗಿತ್ತು

ಫೀಸ್ 320 ಡಾಲರ್. ಹತ್ತು ವಾರ, ಪ್ರತಿ ಮಂಗಳವಾರ ಸಂಜೆ ಆರೂವರೆಯಿಂದ ಎಂಟೂವರೆವರೆಗೆ. ಪುಸ್ತಕಗಳನ್ನು ನಾವೇ ಹೊಂದಿಸಿಕೊಳ್ಳಬೇಕು. ಪರೀಕ್ಷೆ ಇಲ್ಲ, ಅಂಕ ಇಲ್ಲ. ಡೌನ್‌ಟೌನ್‌ನ ಒಂದು ಸಂಸ್ಥೆ ಕೆಲಸಕ್ಕೆ ಹೋಗುವ ದೊಡ್ಡವರಿಗಾಗಿ ನಡೆಸುವ ಕೋರ್ಸ್ ಇದು. ವಿಷಯ ಕೆನಡಾದ ಕಾದಂಬರಿ, ವಸಾಹತೋತ್ತರ ವಿಮರ್ಶೆ (ವಸಾಹತು ಆಳ್ವಿಕೆ ಬರವಣಿಗೆಯಲ್ಲಿ ಬಿಟ್ಟ ಗುರುತುಗಳನ್ನು ಹುಡುಕುವ ಓದು), ಮತ್ತು ಕೆನಡಿಯನ್ ಅಂದರೆ ಯಾರು ಅನ್ನೋ ಪ್ರಶ್ನೆ. ಸೇರಬೇಕೋ ಬೇಡವೋ ಅಂತ ಯೋಚಿಸುತ್ತಿರುವ ಇಲ್ಲಿನ ಕನ್ನಡದವರಿಗೆ ಉಪಯೋಗ ಆಗಲಿ ಅಂತ ಬರೆಯುತ್ತಿದ್ದೇನೆ.

ಮೊದಲೇ ಹೇಳಿಬಿಡುತ್ತೇನೆ, ಸೇರಿ. ಕೊಟ್ಟ ದುಡ್ಡಿಗೆ ಮೋಸ ಇಲ್ಲ. ಆದರೆ ಪಾಠಗಳನ್ನು ಜೋಡಿಸಿರುವ ಕ್ರಮದಲ್ಲೇ ಒಂದು ದೊಡ್ಡ ತಪ್ಪಿದೆ. ಅದನ್ನು ವಿವರವಾಗಿ ಹೇಳಬೇಕು.

ನಾನು ಸ್ಕಾರ್ಬರೋದಲ್ಲಿರುವವಳು, ಕೆಲಸ ಲ್ಯಾಬ್ ಟೆಕ್ನಿಷಿಯನ್. ಕಾಲೇಜಿನಲ್ಲಿ ಸಾಹಿತ್ಯ ಓದಿದವಳಲ್ಲ. 2023ರಲ್ಲಿ ನನಗೆ ಕೆನಡಾದ ಪೌರತ್ವ ಸಿಕ್ಕಿತು. ಪರೀಕ್ಷೆಗೆ 20 ಪ್ರಶ್ನೆ, 15 ಸರಿ ಆದರೆ ಪಾಸು. ಸರ್ಕಾರ ಕೊಡುವ ‘ಡಿಸ್ಕವರ್ ಕೆನಡಾ’ ಅನ್ನೋ ಪುಸ್ತಕವನ್ನು ಬಾಯಿಪಾಠ ಮಾಡಿದ್ದೆ. ಒಕ್ಕೂಟ ಆಗಿದ್ದು 1867, ಮೇಪಲ್ ಎಲೆಯ ಬಾವುಟ ಬಂದಿದ್ದು 1965, ಎಲ್ಲ ನಾಲಿಗೆ ತುದಿಯಲ್ಲಿತ್ತು. ಆಮೇಲೆ ಪ್ರಮಾಣ ವಚನದ ದಿನ ಬಂತು. ರಾಜ ಮೂರನೇ ಚಾರ್ಲ್ಸ್‌ಗೆ, ಅವನ ವಾರಸುದಾರರಿಗೆ ನಿಷ್ಠಳಾಗಿರುತ್ತೇನೆ ಅಂತ ಹೇಳಿದೆ. ಇಲ್ಲಿನ ಮೂಲನಿವಾಸಿಗಳಾದ ಫಸ್ಟ್ ನೇಷನ್ಸ್, ಇನುಯಿಟ್, ಮೇಟಿ ಜನರ ಒಪ್ಪಂದದ ಹಕ್ಕುಗಳನ್ನು ಒಪ್ಪುವ ಮಾತೂ ಅದರಲ್ಲಿತ್ತು. ಅದನ್ನೂ ಹೇಳಿದೆ. ಸಂಜೆ ಊಟಕ್ಕೆ ಕೂತಾಗ ಮಗಳು ಕೇಳಿದಳು: “ಅಮ್ಮ, ಟ್ರೀಟಿ ಅಂದ್ರಲ್ಲ, ಯಾರು ಯಾರ ಮಧ್ಯೆ ಆಗಿದ್ದು? ಅದರಲ್ಲಿ ನಾವೂ ಬರ್ತೀವಾ?” ನನಗೆ ಉತ್ತರ ಗೊತ್ತಿರಲಿಲ್ಲ. ಬಲಗೈ ಎತ್ತಿ ಹೇಳಿದ ಮಾತಿಗೆ ಅರ್ಥ ಗೊತ್ತಿಲ್ಲ ಅಂದರೆ ಹೇಗೆ? ಅದು ತುಂಬ ದಿನ ಕೊರೆಯಿತು. ಈ ಕೋರ್ಸಿನ ಜಾಹೀರಾತು ಕಂಡಾಗ ಫೀಸ್ ಕಟ್ಟಿದ್ದು ಆ ಕಾರಣಕ್ಕೇ.

ತರಗತಿಯಲ್ಲಿ ನಾವು 14 ಜನ. ಅರ್ಧಕ್ಕಿಂತ ಜಾಸ್ತಿ ನಿವೃತ್ತರು, ಉಳಿದವರು ನನ್ನ ಹಾಗೆ ಕೆಲಸ ಮುಗಿಸಿ ಓಡಿ ಬರುವವರು. ಪಾಠ ಮಾಡುವವರು ನಲವತ್ತರ ಆಸುಪಾಸಿನ ಮೇಡಂ. ಅವರ ರೀತಿ ನನಗೆ ತುಂಬ ಹಿಡಿಸಿತು. ಪುಸ್ತಕ ತೆಗೆದು ಮೊದಲು ಒಂದು ಪುಟ ಗಟ್ಟಿಯಾಗಿ ಓದುತ್ತಾರೆ. ಹದಿನೈದು ನಿಮಿಷ ಸಿದ್ಧಾಂತದ ಮಾತೇ ಎತ್ತುವುದಿಲ್ಲ. “ಇಲ್ಲಿ ಯಾರು ಮಾತಾಡ್ತಿದ್ದಾರೆ, ಯಾರು ಸುಮ್ಮನಿದ್ದಾರೆ” ಅಂತ ಮಾತ್ರ ಕೇಳುತ್ತಾರೆ. ವಿಮರ್ಶಕರ ಹೆಸರುಗಳು ಬರುವ ಹೊತ್ತಿಗೆ ನಾವೇ ಅರ್ಧ ದಾರಿ ನಡೆದಿರುತ್ತೇವೆ.

ಮೊದಲ ವಾರ ಸುಸಾನಾ ಮೂಡಿ. 1832ರಲ್ಲಿ ಇಂಗ್ಲೆಂಡಿನಿಂದ ಗಂಡನ ಜೊತೆ ಬಂದು ಇವತ್ತಿನ ಒಂಟಾರಿಯೋದ ಕಾಡಿನಲ್ಲಿ ಸಂಸಾರ ಹೂಡಿದ ಹೆಂಗಸು. 1852ರಲ್ಲಿ ಬಂದ ‘ರಫಿಂಗ್ ಇಟ್ ಇನ್ ದಿ ಬುಷ್’ ಅವಳ ಅನುಭವದ ಪುಸ್ತಕ. ಚಳಿ, ಸಾಲ, ಬೆಂಕಿ ಅವಘಡ, ಊರಿನ ನೆನಪು. ಓದುತ್ತಾ ನನ್ನ ಮೊದಲ ಜನವರಿ ನೆನಪಾಯಿತು. ಕಿಟಕಿ ಪಕ್ಕ ಕೂತು ಅಮ್ಮನಿಗೆ ಫೋನ್ ಮಾಡಿ, ಎಲ್ಲ ಚೆನ್ನಾಗಿದೆ ಅಂತ ಸುಳ್ಳು ಹೇಳುತ್ತಿದ್ದ ತಿಂಗಳು ಅದು. ನಾನು ತರಗತಿಯಲ್ಲಿ ಹೇಳಿದೆ: ಇವಳೂ ವಲಸೆ ಬಂದವಳೇ, ಆದರೆ ಇವಳನ್ನು ಯಾರೂ ವಲಸಿಗ ಲೇಖಕಿ ಅನ್ನೋದಿಲ್ಲ, ಕೆನಡಾ ಸಾಹಿತ್ಯದ ಮೂಲ ಅಂತಾರೆ. 1975ರಲ್ಲಿ ಬಂದ ರೋಹಿಂಟನ್ ಮಿಸ್ತ್ರಿ ಮಾತ್ರ ಇನ್ನೂ ವಲಸಿಗ ಲೇಖಕ. ಮೇಡಂ ಅದನ್ನು ಬೋರ್ಡಿನ ಮೂಲೆಯಲ್ಲಿ ಬರೆದರು. ಎರಡು ಗಂಟೆಯೂ ಅಳಿಸಲಿಲ್ಲ.

ಅದೇ ದಿನ ನಾರ್ತ್ರಪ್ ಫ್ರೈ ಅನ್ನೋ ವಿಮರ್ಶಕರ ಮಾತು ಬಂತು. 1965ರಲ್ಲಿ ಅವರು ಬರೆದಿದ್ದರ ಸಾರ ಇಷ್ಟು: ಕೆನಡಾದವರನ್ನು ‘ನಾನು ಯಾರು’ ಅನ್ನೋದಕ್ಕಿಂತ ‘ಇಲ್ಲಿ ಅಂದರೆ ಎಲ್ಲಿ’ ಅನ್ನೋ ಪ್ರಶ್ನೆ ಜಾಸ್ತಿ ಕಾಡುತ್ತದೆ. ಸುತ್ತ ದಟ್ಟ ಕಾಡು, ನಡುವೆ ಬೇಲಿ ಹಾಕಿಕೊಂಡ ಸಣ್ಣ ಕೋಟೆ, ಒಳಗೆ ಕಾನೂನು ಕಟ್ಟಳೆಯನ್ನು ಬಿಗಿಯಾಗಿ ಹಿಡಿದು ಕೂತ ಜನ. ಈ ಕೋಟೆಯ ಮನಸ್ಸೇ ಇಲ್ಲಿನ ಬರವಣಿಗೆಯಲ್ಲಿ ಉದ್ದಕ್ಕೂ ಕಾಣುತ್ತದೆ ಅನ್ನೋದು ಅವರ ವಾದ. ಮೇಡಂ ಕೇಳಿದರು, “ಕೋಟೆಯ ಹೊರಗೆ ಏನಿತ್ತು?” ಒಬ್ಬರು ಕಾಡು ಅಂದರು. ಇನ್ನೊಬ್ಬರು ಹಿಮ, ಕರಡಿ ಅಂದರು. ಮೇಡಂ ಸ್ವಲ್ಪ ಹೊತ್ತು ಕಾದರು. ಆಮೇಲೆ ಹೇಳಿದರು, “ಜನ ಇದ್ದರು.” ನಮ್ಮಲ್ಲಿ ಯಾರಿಗೂ ಅದು ಹೊಳೆದಿರಲಿಲ್ಲ.

ಇಷ್ಟು ಒಳ್ಳೆಯ ಪ್ರಶ್ನೆ ಕೇಳಿದ ಕೋರ್ಸ್ ಆ ಜನರ ಬಳಿಗೆ ಹೋಗಿದ್ದು ಒಂಬತ್ತನೇ ವಾರ. ನಾನು ಹೇಳಿದ ತಪ್ಪು ಇದೇ. ಅಲ್ಲಿಗೆ ಆಮೇಲೆ ಬರುತ್ತೇನೆ.

ಎರಡನೇ ವಾರ ಮಾರ್ಗರೆಟ್ ಆಟ್‌ವುಡ್ ಅವರ ‘ಸರ್ವೈವಲ್’. 1972ರ ವಿಮರ್ಶೆ ಪುಸ್ತಕ. ಬದುಕಿ ಉಳಿಯುವುದೇ ಕೆನಡಾ ಸಾಹಿತ್ಯದ ಮುಖ್ಯ ಎಳೆ ಅನ್ನುತ್ತದೆ. ಓದಲು ಸಲೀಸು. ಆದರೆ ಎಲ್ಲ ಪುಸ್ತಕಗಳನ್ನೂ ಒಂದೇ ದಾರಕ್ಕೆ ಪೋಣಿಸುವ ಹಟ ಅದರಲ್ಲಿದೆ ಅಂತ ನನಗೆ ಅನ್ನಿಸಿತು. ಈ ವಾರದ ಜೆರಾಕ್ಸ್ ಕಟ್ಟು ನಮ್ಮ ಕೈಗೆ ಬಂದಿದ್ದು ಮೂರನೇ ವಾರ! ಫೀಸ್ ತಗೊಂಡ ಮೇಲೆ ಹೀಗೆ ಮಾಡಬಾರದು. ಆಫೀಸಿನವರಿಗೆ ಎರಡು ಸಲ ಇಮೇಲ್ ಹಾಕಿದೆ, ಉತ್ತರ ಬರಲಿಲ್ಲ. ಮನೆಯಿಂದ ಆನ್‌ಲೈನ್‌ನಲ್ಲಿ ಸೇರುತ್ತಿದ್ದ ಮೂವರಿಗೆ ಕೊನೆಯವರೆಗೂ ಧ್ವನಿ ಸರಿಯಾಗಿ ಕೇಳಲಿಲ್ಲ. ಆಗುವುದಾದರೆ ನೇರವಾಗಿ ಹೋಗಿ ಕೂರಿ.

ಮೂರನೇ ವಾರ ಫ್ರೆಂಚ್ ಮಾತಾಡುವ ಪ್ರಾಂತ್ಯ ಕ್ವಿಬೆಕ್. ಅದಕ್ಕೆ ಇಟ್ಟಿದ್ದು ಹ್ಯೂ ಮೆಕ್‌ಲೆನನ್ ಅವರ ‘ಟೂ ಸಾಲಿಟ್ಯೂಡ್ಸ್’ ಒಂದನ್ನೇ. ಇಂಗ್ಲಿಷರು, ಫ್ರೆಂಚರು ಒಂದೇ ಮನೆಯಲ್ಲಿ ಮಾತಿಲ್ಲದೆ ಇರುವವರ ಹಾಗೆ ಅಂತ ಈ ದೇಶ ತನ್ನ ಬಗ್ಗೆ ಹೇಳಿಕೊಳ್ಳುವ ಮಾತಿಗೆ ಆ ಹೆಸರೇ ಅಂಟಿಕೊಂಡಿದೆ. ಬಂದಿದ್ದು 1945ರಲ್ಲಿ. ಅದೇ ವರ್ಷ ಗಾಬ್ರಿಯೆಲ್ ರುವಾ ಅವರ ಫ್ರೆಂಚ್ ಕಾದಂಬರಿಯೂ ಬಂತು, ಮಾಂಟ್ರಿಯಲ್‌ನ ಬಡವರ ಬೀದಿಯ ಕಥೆ. ಇಂಗ್ಲಿಷ್ ಅನುವಾದ ಬಹಳ ವರ್ಷದಿಂದ ಸಿಗುತ್ತಿದೆ. ಎರಡನ್ನೂ ಪಕ್ಕಪಕ್ಕ ಇಟ್ಟಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು. ಫ್ರೆಂಚರ ಮನಸ್ಸನ್ನು ಇಂಗ್ಲಿಷಿನವರ ಬಾಯಲ್ಲೇ ಕೇಳಿ ಮುಗಿಸಿದೆವು.

ಐದನೇ ವಾರದ ಪುಸ್ತಕ ಜಾಯ್ ಕೊಗಾವಾ ಅವರ ‘ಒಬಾಸಾನ್’, 1981ರದ್ದು. ಇಡೀ ಕೋರ್ಸಿನಲ್ಲಿ ನನ್ನನ್ನು ಹೆಚ್ಚು ಕಲಕಿದ ಎರಡು ಪುಸ್ತಕಗಳಲ್ಲಿ ಇದು ಒಂದು. ಎರಡನೇ ಮಹಾಯುದ್ಧದ ಹೊತ್ತಿನಲ್ಲಿ, 1942ರಿಂದ, ಪಶ್ಚಿಮ ಕರಾವಳಿಯ ಸುಮಾರು 22,000 ಜಪಾನಿ ಮೂಲದ ಜನರನ್ನು ಮನೆ ಬಿಡಿಸಿ ಒಳನಾಡಿಗೆ ಸಾಗಿಸಿದರು. ಅವರಲ್ಲಿ ಬಹಳಷ್ಟು ಜನ ಕೆನಡಾದಲ್ಲೇ ಹುಟ್ಟಿದವರು. ಮನೆ, ದೋಣಿ, ಅಂಗಡಿ ಎಲ್ಲವನ್ನೂ ಸರ್ಕಾರವೇ ಮಾರಿತು. ಯುದ್ಧ ಮುಗಿದ ಮೇಲೂ, 1949ರವರೆಗೂ, ಕರಾವಳಿಗೆ ವಾಪಸ್ ಬರಲು ಬಿಡಲಿಲ್ಲ. ಕಾದಂಬರಿಯಲ್ಲಿ ಇಬ್ಬರು ಹಿರಿಯ ಹೆಂಗಸರಿದ್ದಾರೆ. ಒಬ್ಬಳು ಏನೂ ಮಾತಾಡದೆ ಎಲ್ಲವನ್ನೂ ಒಳಗೇ ಇಟ್ಟುಕೊಂಡವಳು, ಇನ್ನೊಬ್ಬಳು ಪತ್ರ, ದಾಖಲೆ ಕೂಡಿಹಾಕಿ ನ್ಯಾಯ ಕೇಳುವವಳು. ನಡುವೆ ಕಥೆ ಹೇಳುವ ನೇಯೋಮಿ. ನಮ್ಮ ಮನೆಗಳಲ್ಲೂ ಇಂಥ ಇಬ್ಬರು ಅತ್ತೆಯರು ಇರುತ್ತಾರೆ, ಅಲ್ವಾ?

ಅವತ್ತು ನಿವೃತ್ತ ಮೇಷ್ಟ್ರು ಒಬ್ಬರು ಮಾತಾಡಿದರು. ಆಲ್ಬರ್ಟಾದಲ್ಲಿ ಬೆಳೆದವರು. ಅವರ ಅಪ್ಪನಿಗೆ ಸಕ್ಕರೆ ಬೀಟ್ ಹೊಲ ಇತ್ತಂತೆ. ಯುದ್ಧದ ಕಾಲದಲ್ಲಿ ಒಂದು ಜಪಾನಿ ಕುಟುಂಬ ಕೆಲಸಕ್ಕೆ ಬಂದಿತ್ತು, ತುಂಬ ಒಳ್ಳೆಯವರು, ಅಂತ ಮನೆಯಲ್ಲಿ ಯಾವಾಗಲೂ ಹೇಳುತ್ತಿದ್ದರಂತೆ. “ಅವರು ಕೆಲಸ ಹುಡುಕಿಕೊಂಡು ಬಂದವರು ಅಂತಲೇ ಇಷ್ಟು ವರ್ಷ ಅಂದುಕೊಂಡಿದ್ದೆ” ಅಂದರು. ಮುಂದೆ ಮಾತಾಡಲು ಆಗಲಿಲ್ಲ. ಯಾರೂ ಅವರನ್ನು ಸಮಾಧಾನ ಮಾಡಲು ಹೋಗಲಿಲ್ಲ. ಅದೂ ಸರಿಯಾಗಿತ್ತು. 1988ರಲ್ಲಿ ಸರ್ಕಾರ ಕ್ಷಮೆ ಕೇಳಿ, ಬದುಕಿದ್ದವರಿಗೆ ತಲಾ 21,000 ಡಾಲರ್ ಕೊಟ್ಟಿತು. ಪರಿಹಾರ ಘೋಷಿಸಿದ ದಿನ ಸಂಸತ್ತಿನಲ್ಲಿ ಈ ಕಾದಂಬರಿಯ ಸಾಲುಗಳನ್ನು ಓದಿದ್ದರು ಅಂತ ಮೇಡಂ ಹೇಳಿದರು.

ಆರನೇ ವಾರದ ಬಗ್ಗೆ ಬರೆಯಲು ನನಗೆ ಖುಷಿ. ಮೈಕಲ್ ಒಂಡಾಟ್ಜೆ ಅವರ ‘ಇನ್ ದಿ ಸ್ಕಿನ್ ಆಫ್ ಎ ಲಯನ್’, 1987. ನಾನು ಕೆನಡಿ ಸ್ಟೇಷನ್ನಿನಲ್ಲಿ ಲೈನ್ 2 ರೈಲು ಹತ್ತುತ್ತೇನೆ. ಬ್ರಾಡ್‌ವ್ಯೂ ದಾಟಿ ಕ್ಯಾಸಲ್ ಫ್ರಾಂಕ್ ತಲುಪುವ ಮುಂಚೆ ರೈಲು ಸುರಂಗದಿಂದ ಬೆಳಕಿಗೆ ಬರುತ್ತದೆ. ಕೆಳಗೆ ಡಾನ್ ಕಣಿವೆ, ನದಿ, ಹೆದ್ದಾರಿ. ಅದು ಬ್ಲೂರ್ ಸೇತುವೆ. ವರ್ಷಗಟ್ಟಲೆ ಆ ಸೇತುವೆ ಮೇಲೆ ಹೋಗಿದ್ದೇನೆ. ಅಲ್ಲಿ ಸಿಗ್ನಲ್ ಬರುತ್ತದೆ ಅಂತ ಫೋನ್ ತೆಗೆಯುವುದು ಬಿಟ್ಟರೆ ಬೇರೇನೂ ಯೋಚಿಸಿರಲಿಲ್ಲ. ಕಾದಂಬರಿ ಆ ಸೇತುವೆ ಕಟ್ಟಿದವರದ್ದು. ಮ್ಯಾಸಿಡೋನಿಯಾದಿಂದ ಬಂದ ನಿಕೊಲಸ್ ಟೆಮೆಲ್ಕಾಫ್ ಹಗ್ಗದಲ್ಲಿ ಜೋತಾಡುತ್ತಾ ಕೆಲಸ ಮಾಡುತ್ತಾನೆ. ಒಂದು ರಾತ್ರಿ ಸೇತುವೆಯಿಂದ ಗಾಳಿಗೆ ಬಿದ್ದ ಸನ್ಯಾಸಿನಿಯನ್ನು ಅವನು ಒಂದೇ ಕೈಯಲ್ಲಿ ಹಿಡಿಯುತ್ತಾನೆ. ಮುಂದೆ ಪ್ಯಾಟ್ರಿಕ್ ಅನ್ನುವವನು ರಿವರ್‌ಡೇಲ್ ಲೈಬ್ರರಿಯಲ್ಲಿ ಸೇತುವೆಯ ದಾಖಲೆ ಹುಡುಕುತ್ತಾನೆ. ಮಣ್ಣು, ಮರ, ಕಾಂಕ್ರೀಟಿನ ತೂಕ, ಎಲ್ಲದರ ಲೆಕ್ಕ ಸಿಗುತ್ತದೆ. ಕಟ್ಟಿದವರ ಸುದ್ದಿ ಮಾತ್ರ ಸಿಗುವುದಿಲ್ಲ.

ವಸಾಹತೋತ್ತರ ವಿಮರ್ಶೆ ಏನು ಮಾಡುತ್ತದೆ ಅಂತ ನನಗೆ ಅರ್ಥ ಆಗಿದ್ದು ಈ ಪುಟದಲ್ಲಿ. ದಾಖಲೆಯಲ್ಲಿ ಇರುವುದನ್ನು ಓದುವಷ್ಟೇ ಗಮನ ಕೊಟ್ಟು, ಅಲ್ಲಿ ಬಿಟ್ಟುಹೋದವರನ್ನೂ ಅದು ಹುಡುಕುತ್ತದೆ. ಸೇತುವೆ ತೆರೆದಿದ್ದು 1918ರಲ್ಲಿ. ಮುಂದೊಂದು ದಿನ ರೈಲು ಬರಬಹುದು ಅಂತ ಆಗಲೇ ಕೆಳಗೆ ಒಂದು ಅಂತಸ್ತು ಕಟ್ಟಿಟ್ಟಿದ್ದರು. ರೈಲು ಓಡಿದ್ದು 1966ರಲ್ಲಿ. ಆ ಅಂತಸ್ತಿನ ಮೇಲೆ ಕೂತು ಆ ಅಧ್ಯಾಯ ಓದಿದೆ. ಈಗ ಅಲ್ಲಿ ಬೆಳಕು ಬಂದಾಗ ಫೋನ್ ತೆಗೆಯುವುದಿಲ್ಲ.

ಏಳನೇ ವಾರ ಮಿಸ್ತ್ರಿ. ಅವರ ದೊಡ್ಡ ಕಾದಂಬರಿಗಳೆಲ್ಲ ನಡೆಯುವುದು ಭಾರತದಲ್ಲಿ. 1991ರ ‘ಸಚ್ ಎ ಲಾಂಗ್ ಜರ್ನಿ’ಗೆ ಗವರ್ನರ್ ಜನರಲ್ ಪ್ರಶಸ್ತಿ ಬಂತು, 1995ರ ‘ಎ ಫೈನ್ ಬ್ಯಾಲೆನ್ಸ್’ಗೆ ಗಿಲ್ಲರ್ ಬಂತು. ಎರಡೂ ಕೆನಡಾದ ಪ್ರಶಸ್ತಿ. ಹಾಗಾದರೆ ಅವು ಕೆನಡಾದ ಕಾದಂಬರಿಯೇ? ತರಗತಿ ಎರಡು ಹೋಳಾಯಿತು. ನನಗೆ ಇದರಲ್ಲಿ ಅನುಮಾನ ಇಲ್ಲ. ಇಲ್ಲಿ ಕೂತು ಅಲ್ಲಿನದನ್ನು ನೆನೆಯುವುದು ಈ ದೇಶದ ಲಕ್ಷಾಂತರ ಮನೆಗಳಲ್ಲಿ ದಿನಾ ನಡೆಯುವ ಕೆಲಸ. ಅದೂ ಕೆನಡಾದ ಬದುಕೇ. ಮೇಡಂ ಮಿಸ್ತ್ರಿಯವರ ಮೊದಲ ಕಥಾ ಸಂಕಲನದ ಕೊನೆಯ ಕಥೆಯನ್ನು ಓದಿಸಿದರು. ಮಗ ಟೊರೊಂಟೊದ ಅಪಾರ್ಟ್‌ಮೆಂಟಿನಲ್ಲಿ, ಅಪ್ಪ ಅಮ್ಮ ಮುಂಬೈನಲ್ಲಿ. ಮಗ ಬರೆದ ಪುಸ್ತಕವನ್ನು ಅವರು ಓದುತ್ತಾರೆ. ಇವನು ಅಲ್ಲಿಯವರ ಹಾಗೇ ಆಗಿ, ಅವರಂತೆಯೇ ಬರೆದು, ತನ್ನದೇ ಆದ ನೋಟ ಕಳೆದುಕೊಂಡರೆ ಅನ್ನೋ ಭಯ ಅಪ್ಪನಿಗೆ. ನಮ್ಮಪ್ಪ ಓದಿದ್ದರೆ ಹೀಗೇ ಹೇಳುತ್ತಿದ್ದರು.

ಇಲ್ಲಿ ನನ್ನದೊಂದು ಬೇಸರ ಇದೆ. ಅನಿತಾ ರಾವ್ ಬಾದಾಮಿ ಅವರ ಹೆಸರೇ ಪಟ್ಟಿಯಲ್ಲಿ ಇರಲಿಲ್ಲ. ಕನ್ನಡ ಮಾತಾಡುವ ಮನೆಯಲ್ಲಿ ಹುಟ್ಟಿ, 1991ರಲ್ಲಿ ಕೆನಡಾಕ್ಕೆ ಬಂದವರು. ‘ಟ್ಯಾಮರಿಂಡ್ ಮೆಮ್’ ಓದಿದ ಕನ್ನಡದವರಿಗೆ ಆ ಅಮ್ಮ ಮಗಳ ಜಗಳ ಹೊರಗಿನದು ಅನ್ನಿಸುವುದೇ ಇಲ್ಲ. ಆದರೆ ನಾನು ಕೇಳಿದ್ದು ಮನೆಯವರು ಅನ್ನೋ ಅಭಿಮಾನಕ್ಕಲ್ಲ. 2006ರ ‘ಕ್ಯಾನ್ ಯೂ ಹಿಯರ್ ದಿ ನೈಟ್‌ಬರ್ಡ್ ಕಾಲ್?’ ಏರ್ ಇಂಡಿಯಾ ವಿಮಾನ ದುರಂತ ಇರುವ ಕಾದಂಬರಿ, ಈ ಕೋರ್ಸಿನ ಪ್ರಶ್ನೆಗೇ ನೇರವಾಗಿ ಬರುತ್ತದೆ. 1985ರ ಜೂನ್ 23ರಂದು ಏರ್ ಇಂಡಿಯಾ 182 ವಿಮಾನ ಬಾಂಬಿಗೆ ಸಿಕ್ಕಿ 329 ಜನ ಸತ್ತರು. ಹೆಚ್ಚಿನವರು ಕೆನಡಾದ ಪ್ರಜೆಗಳು. ಆದರೂ ಈ ದೇಶದ ಬಹಳ ಜನ ಅದನ್ನು ತುಂಬ ವರ್ಷ ಭಾರತದ ದುಃಖ ಅಂತಲೇ ನೋಡಿದರು. ಹಂಬರ್ ಬೇ ಪಾರ್ಕಿನಲ್ಲಿ ಸರೋವರದ ದಡದ ಸ್ಮಾರಕದ ಮುಂದೆ ನಿಂತು ಹೆಸರುಗಳನ್ನು ಓದಿದ್ದೇನೆ. ಯಾರ ಸಾವಿಗೆ ದೇಶ ಅಳುತ್ತದೆ ಅನ್ನೋದರಲ್ಲೇ ಯಾರನ್ನು ತನ್ನವರು ಅಂದುಕೊಂಡಿದೆ ಅಂತ ಗೊತ್ತಾಗುತ್ತದೆ. ಬಹುಸಂಸ್ಕೃತಿ ನೀತಿ ಬಂದಿದ್ದು 1971ರಲ್ಲಿ, ಈ ವಿಮಾನ ಬಿದ್ದಿದ್ದು ಅದಾದ 14 ವರ್ಷಕ್ಕೆ. ಮೇಡಂ ನನ್ನ ಮಾತು ಕೇಳಿಸಿಕೊಂಡು, ಮುಂದಿನ ಸಲ ಸೇರಿಸುತ್ತೇನೆ ಅಂದರು.

ಎಂಟನೇ ವಾರ ಡಿಯಾನ್ ಬ್ರ್ಯಾಂಡ್ ಅವರ ಟೊರೊಂಟೊ ಕಾದಂಬರಿ. ಅಪ್ಪ ಅಮ್ಮ ಹೊರಗಿನಿಂದ ಬಂದವರು, ಮಕ್ಕಳು ಇಲ್ಲೇ ಹುಟ್ಟಿದವರು. ನನ್ನ ಮಗಳ ವಯಸ್ಸಿನವರು ಓದಬೇಕಾದ್ದು. ಒಂದೇ ವಾರ ಸಾಲಲಿಲ್ಲ.

ಈಗ ಒಂಬತ್ತನೇ ವಾರ. ರಿಚರ್ಡ್ ವಾಗಮೀಸ್ ಅವರ ‘ಇಂಡಿಯನ್ ಹಾರ್ಸ್’, 2012. ಸಾಲ್ ಅನ್ನೋ ಹುಡುಗ, ಒಜಿಬ್ವೆ ಅನ್ನೋ ಮೂಲನಿವಾಸಿ ಜನಾಂಗದವನು. ಅಜ್ಜಿ ಅವನನ್ನು ತಬ್ಬಿಕೊಂಡೇ ಚಳಿಯಲ್ಲಿ ಪ್ರಾಣ ಬಿಡುತ್ತಾಳೆ. ಅವನನ್ನು ರೆಸಿಡೆನ್ಶಿಯಲ್ ಸ್ಕೂಲಿಗೆ, ಅಂದರೆ ಮೂಲನಿವಾಸಿ ಮಕ್ಕಳನ್ನು ಮನೆಯಿಂದ ದೂರ ಮಾಡಿ ಇಡುತ್ತಿದ್ದ ಶಾಲೆಗೆ, ಹಾಕುತ್ತಾರೆ. ಅಲ್ಲಿ ಮಕ್ಕಳ ಭಾಷೆ, ಹೆಸರು, ಮೈ, ಯಾವುದನ್ನೂ ಬಿಡುವುದಿಲ್ಲ. ಬೆಳಗಿನ ಜಾವ ಎದ್ದು, ಹೆಪ್ಪುಗಟ್ಟಿದ ಕುದುರೆ ಲದ್ದಿಯನ್ನೇ ಪಕ್, ಅಂದರೆ ಆಟದ ಬಿಲ್ಲೆ, ಮಾಡಿಕೊಂಡು ಅವನು ಹಾಕಿ ಕಲಿಯುತ್ತಾನೆ. ಮಂಜಿನ ಮೇಲಿನ ಹಾಕಿ ಅಂದರೆ ಈ ದೇಶದ ಉಸಿರು ಅಂತಾರೆ. ಅಷ್ಟು ಚೆನ್ನಾಗಿ ಆಡಿದರೂ ಪತ್ರಿಕೆಗಳಿಗೆ, ನೋಡುವವರಿಗೆ ಅವನು ಬರೀ ಇಂಡಿಯನ್, ಅಂದರೆ ಮೂಲನಿವಾಸಿ. ಆಟಗಾರ ಆಗಲು ಬಿಡುವುದೇ ಇಲ್ಲ. ಈ ಪುಸ್ತಕವನ್ನು ನಾನು ಎರಡು ರಾತ್ರಿಯಲ್ಲಿ ಮುಗಿಸಿದೆ. ಮೂರನೇ ರಾತ್ರಿ ನಿದ್ದೆ ಬರಲಿಲ್ಲ. ಇಂಥ ಶಾಲೆಗಳಿಗೆ 1,50,000ಕ್ಕೂ ಹೆಚ್ಚು ಮಕ್ಕಳನ್ನು ಹಾಕಿದ್ದರು.

ಜೊತೆಗೆ ಎರಡು ಪ್ರಬಂಧ ಓದಿಸಿದರು. ಲಿಂಡಾ ಹಚನ್ 1989ರಲ್ಲಿ ಎತ್ತಿದ ಪ್ರಶ್ನೆ: ಬ್ರಿಟನ್ನಿನಿಂದ ಬಂದು ನೆಲೆಸಿದವರ ಬರವಣಿಗೆಯನ್ನೂ ವಸಾಹತೋತ್ತರ ಅಂದರೆ, ಅದೇ ಜನರ ಕೈಯಲ್ಲಿ ನೆಲ ಕಳೆದುಕೊಂಡವರದ್ದನ್ನು ಏನನ್ನಬೇಕು? ಥಾಮಸ್ ಕಿಂಗ್ 1990ರಲ್ಲಿ ಇನ್ನೂ ಮುಂದೆ ಹೋದರು. ಆ ಪದವೇ ಸರಿಯಿಲ್ಲ, ಯುರೋಪಿನವರು ಬಂದ ದಿನದಿಂದಲೇ ಕಥೆ ಶುರು ಅಂತ ಅದು ಒಪ್ಪಿಕೊಂಡುಬಿಡುತ್ತದೆ ಅನ್ನೋದು ಅವರ ವಾದ. ಭಾರತದಲ್ಲಿ ಬ್ರಿಟಿಷರು ಹೋದ ದಿನ ಇದೆ, 1947 ಅಂತ ಬೆರಳಿಟ್ಟು ತೋರಿಸಬಹುದು. ಇಲ್ಲಿ ಯಾವ ದಿನ? 1867? ಸಂವಿಧಾನ ಲಂಡನ್ನಿನಿಂದ ಇಲ್ಲಿಗೆ ಬಂದ 1982? ಮೂಲನಿವಾಸಿಗಳ ಮೇಲಿನ ಕಾನೂನು, 1876ರ ಇಂಡಿಯನ್ ಆಕ್ಟ್, ತಿದ್ದುಪಡಿ ಆಗುತ್ತಾ ಇವತ್ತಿಗೂ ಜಾರಿಯಲ್ಲಿದೆ.

ನಾನು ಹೇಳಿದ ಪ್ರಮಾಣ ವಚನದ ಮಾತು ಎಲ್ಲಿಂದ ಬಂತು ಅಂತ ತಿಳಿದಿದ್ದೂ ಆ ಸಂಜೆಯೇ. ರೆಸಿಡೆನ್ಶಿಯಲ್ ಸ್ಕೂಲುಗಳ ಬಗ್ಗೆ ವಿಚಾರಣೆ ಮಾಡಿದ ಸತ್ಯ ಮತ್ತು ಸಾಮರಸ್ಯ ಆಯೋಗ 2015ರಲ್ಲಿ 94 ಬೇಡಿಕೆ ಇಟ್ಟಿತು. ಕೊನೆಯದು, 94ನೆಯದು, ಹೊಸ ಪ್ರಜೆಗಳ ಪ್ರಮಾಣ ವಚನ ಬದಲಾಗಬೇಕು ಅನ್ನೋದು. 2021ರಲ್ಲಿ ಬದಲಾಯಿತು. ಮನೆಗೆ ಬಂದು ಮಗಳ ಜೊತೆ ಕೂತೆ. ಟೊರೊಂಟೊದ ಬಹುಪಾಲು ನೆಲ 13ನೇ ಒಪ್ಪಂದದ್ದು, 1805ರಲ್ಲಿ ಮಿಸ್ಸಿಸಾಗಾ ಅನ್ನೋ ಮೂಲನಿವಾಸಿ ಜನರ ಜೊತೆ ಆಗಿದ್ದು, ರಾಜನ ಕಡೆಯಿಂದ ಆಗ ಕೊಟ್ಟಿದ್ದು ಹತ್ತು ಶಿಲ್ಲಿಂಗ್ ಅಂತ ಹೇಳಿದೆ. 2010ರಲ್ಲಿ ಕೆನಡಾ ಸರ್ಕಾರ ಆ ಅನ್ಯಾಯಕ್ಕೆ 14.5 ಕೋಟಿ ಡಾಲರ್ ಪರಿಹಾರ ಒಪ್ಪಿದ್ದನ್ನೂ ಹೇಳಿದೆ. “ನಾವು ಯಾವ ಕಡೆ ಅಮ್ಮ?” ಅಂದಳು. ರಾಜನಿಗೆ ನಿಷ್ಠೆ ಹೇಳಿ ಬಂದವರು, ರಾಜನ ಕಡೆಯವರೇ ಕಣೆ, ಕೊಟ್ಟ ಮಾತು ನಡೆಸಬೇಕಾದವರು ಅಂದೆ. ಅವಳು ಸ್ವಲ್ಪ ಹೊತ್ತು ಸುಮ್ನೆ ಕೂತಳು. ಆಮೇಲೆ ಪುಸ್ತಕ ಕೇಳಿದಳು.

ಈಗ ಹೇಳಿ, ಇದು ಒಂಬತ್ತನೇ ವಾರಕ್ಕೆ ಬರಬೇಕಾದ ಪಾಠವೇ? ಕಿಂಗ್ ಅವರ ಪ್ರಬಂಧ ಕಲಿಸಿದ ಕೋರ್ಸೇ ಬ್ರಿಟಿಷ್ ಹೆಂಗಸು ಹಡಗಿನಿಂದ ಇಳಿದ ದಿನದಿಂದ ಕಥೆ ಶುರು ಮಾಡುತ್ತದೆ. ಈ ನೆಲದವರು ಕೊನೆಗೆ ಬಂದ ನೆಂಟರ ಹಾಗೆ ಕಾಣುತ್ತಾರೆ. ಇವರನ್ನು ಮೊದಲ ವಾರ ಓದಿದ್ದರೆ ಕೋಟೆಯ ಹೊರಗೆ ಏನಿತ್ತು ಅಂತ ಕೇಳಿದಾಗ ನಾವು ಕರಡಿ ಅನ್ನುತ್ತಿರಲಿಲ್ಲ. ಮೂಡಿಯ ಪುಸ್ತಕದಲ್ಲಿ ಬಾಗಿಲಿಗೆ ಬರುವ ಮೂಲನಿವಾಸಿಗಳ ಪುಟಗಳನ್ನು ಬೇರೆ ಥರ ಓದುತ್ತಿದ್ದೆವು. ಟೆಮೆಲ್ಕಾಫ್ ಕಟ್ಟಿದ ಸೇತುವೆ ಯಾರ ಕಣಿವೆಯ ಮೇಲೆ ನಿಂತಿದೆ ಅಂತಲೂ ಕೇಳುತ್ತಿದ್ದೆವು.

ಹತ್ತನೇ ವಾರ ಚರ್ಚೆ ಮಾತ್ರ. ಅಭಿಪ್ರಾಯದ ಫಾರಂ ಕೊಟ್ಟರು. ಐದಕ್ಕೆ ನಾಲ್ಕು ಹಾಕಿದೆ. ಕೆಳಗಿನ ಖಾಲಿ ಜಾಗದಲ್ಲಿ, ಒಂಬತ್ತನೇ ವಾರವನ್ನು ಮೊದಲನೇ ವಾರ ಮಾಡಿ ಅಂತ ದೊಡ್ಡದಾಗಿ ಬರೆದೆ. ಆಲ್ಬರ್ಟಾದ ಮೇಷ್ಟ್ರು ನನ್ನ ಫಾರಂ ನೋಡಿ ತಮ್ಮದರಲ್ಲೂ ಅದನ್ನೇ ಬರೆದರು.

ಸೇರುವವರಿಗೆ ಒಂದು ಮಾತು. ಪುಸ್ತಕಗಳೆಲ್ಲ ಟೊರೊಂಟೊ ಪಬ್ಲಿಕ್ ಲೈಬ್ರರಿಯಲ್ಲಿ ಸಿಗುತ್ತವೆ, ಕಾರ್ಡಿಗೆ ದುಡ್ಡಿಲ್ಲ. ಆದರೆ ಕೋರ್ಸ್ ಶುರುವಾಗುವ ಒಂದು ತಿಂಗಳ ಮುಂಚೆಯೇ ಹೋಲ್ಡ್ ಹಾಕಿ. ನಾನು ಎರಡು ಪುಸ್ತಕಕ್ಕೆ ತಡ ಮಾಡಿ, ಕೊನೆಗೆ ಕೊಂಡುಕೊಳ್ಳಬೇಕಾಯಿತು. ತರಗತಿಯ ನಾವು ಮೂವರು ಸ್ಕಾರ್ಬರೋದವರು ಈಗ ತಿಂಗಳಿಗೊಂದು ಭಾನುವಾರ ಸೇರಿ ಅದೇ ಪಟ್ಟಿಯನ್ನು ಮತ್ತೆ ಓದುತ್ತಿದ್ದೇವೆ. ಮಗಳೂ ಬರುತ್ತಾಳೆ. ಮೊದಲ ಪುಸ್ತಕ ‘ಇಂಡಿಯನ್ ಹಾರ್ಸ್’ ಮುಗಿಯಿತು. ಮುಂದಿನ ತಿಂಗಳು ಸುಸಾನಾ ಮೂಡಿ.